ಪೊಲೀಸ್ ಆಫೀಸರ್‌ಗೆ ಗುಂಡು ಬಿದ್ದ ಚಾರ್ಟ್ ಬಂದಾಗ ಕೋಡ್ ಹಾಕೋದು ಹೇಗೆ: ಶುರುವಿಂದ ಕೊನೇವರೆಗೂ

ನಾನು ಕಲಿಸೋದು ಮೆಡಿಕಲ್ ಕೋಡಿಂಗ್, ಅಂದ್ರೆ ಪೇಷಂಟ್‌ನ ಚಾರ್ಟ್ (ಆಸ್ಪತ್ರೆ ರೆಕಾರ್ಡ್) ಓದಿ ಗಾಯಕ್ಕೂ ಅದರ ಕಾರಣಕ್ಕೂ ಬಿಲ್ಲಿಗೆ ಬೇಕಾದ ಕೋಡ್ ಹಾಕೋ ಕೆಲಸ. ಹೊಸ ಬ್ಯಾಚ್ ಬಂದಾಗೆಲ್ಲ ನಾನು ಒಂದು ಪ್ರಾಕ್ಟೀಸ್ ಚಾರ್ಟ್ ಕೊಡ್ತೀನಿ. ಅಮೆರಿಕಾದ ಒಬ್ಬ ಪೊಲೀಸ್ ಆಫೀಸರ್, ಹೈವೇನಲ್ಲಿ ಒಂದು ಕಾರು ನಿಲ್ಲಿಸಿ ಲೈಸೆನ್ಸ್ ಕೇಳೋಕೆ ಹೋಗಿದಾನೆ, ಡ್ರೈವರ್ ಪಿಸ್ತೂಲ್ ತೆಗೆದು ಹೊಡೆದಿದಾನೆ, ಆಫೀಸರ್ ಎದೆಗೆ ಗುಂಡು. ಅರ್ಧ ಕ್ಲಾಸ್ ಕಣ್ಣು ಮುಚ್ಕೊಂಡು ಅಸಾಲ್ಟ್ (ಹಲ್ಲೆ) ಕೋಡ್ ಹಾಕತ್ತೆ. ಉಳಿದವರಲ್ಲಿ ಕೆಲವರು ಲೀಗಲ್ ಇಂಟರ್ವೆನ್ಷನ್ (ಪೊಲೀಸರ ಜೊತೆಗಿನ ಮುಖಾಮುಖಿಯಲ್ಲಿ ಆದ ಪೆಟ್ಟು) ಅನ್ನೋ ಪದ ಹುಡುಕಿ ತೆಗೀತಾರೆ, ಖುಷಿಯಲ್ಲಿ ಸಸ್ಪೆಕ್ಟ್ ಇಂಜರ್ಡ್ ಅನ್ನೋ ಕೋಡ್ ಹಾಕಿಬಿಡ್ತಾರೆ, ಅಂದ್ರೆ ಏಟು ತಿಂದ ಪೊಲೀಸ್‌ನನ್ನೇ ಕಳ್ಳ ಮಾಡಿಬಿಡ್ತಾರೆ. ಇನ್ನೊಂದು ಸಲ ಒಬ್ಬ ಹುಡುಗ ಚಾರ್ಟಿನಲ್ಲಿದ್ದ 'ಎಲ್‌ಇಓ' ನೋಡಿ ಪೇಷಂಟ್ ಹೆಸರು ಲಿಯೋ ಅಂದ್ಕೊಂಡಿದ್ದ. ಅದು ಲಾ ಎನ್‌ಫೋರ್ಸ್‌ಮೆಂಟ್ ಆಫೀಸರ್ ಅನ್ನೋದರ ಶಾರ್ಟ್‌ಫಾರ್ಮ್ ಮಾರಾಯ. ನಗಾಡ್ಬೇಡಿ, ನಾನೂ ಮೊದಲ ವಾರ 'ಜಿಎಸ್‌ಡಬ್ಲ್ಯೂ' ಅಂದ್ರೇನು ಅಂತ ಪಕ್ಕದ ಸೀಟಿನವರನ್ನ ಕೇಳಿದೀನಿ. ಗನ್‌ಶಾಟ್ ವೂಂಡ್.

ಬೆಂಗಳೂರು ಮೈಸೂರು ಮಂಗಳೂರಿನಲ್ಲಿ ಕೂತ್ಕೊಂಡು ಅಮೆರಿಕಾದ ಆಸ್ಪತ್ರೆಗಳ ಚಾರ್ಟ್ ಓದೋ ನಮಗೆ ಇಲ್ಲಿ ಕಷ್ಟ ಆಗೋದು ಮೆಡಿಸಿನ್ ಅಲ್ಲ, ಗಾಯದ ಕೋಡ್ ಹೆಂಗೋ ಬಂದುಬಿಡತ್ತೆ. ಕಷ್ಟ ಇರೋದು ಗುಂಡು ಯಾಕೆ ಹಾರ್ತು ಅನ್ನೋ ಕತೆಯಲ್ಲಿ. ನಮ್ಮ ಕಡೆ ಕ್ಯಾಶುಯಾಲ್ಟಿಯಲ್ಲಿ ಇಂಥದ್ದು ಬಂದ್ರೆ ಎಂಎಲ್‌ಸಿ ಅಂತ ಸೀಲ್ ಹೊಡೆದು ಸ್ಟೇಷನ್‌ಗೆ ಇಂಟಿಮೇಷನ್ ಕಳಿಸ್ತಾರೆ, ಅದೇ ತಲೇಲಿಟ್ಕೊಂಡು 'ಲೀಗಲ್' ಅನ್ನೋ ಪದ ಓದಿದ್ರೆ ಪೂರಾ ಕನ್‌ಫ್ಯೂಸ್ ಆಗತ್ತೆ. ಲೀಗಲ್ ಇಂಟರ್ವೆನ್ಷನ್‌ಗೂ ಮೆಡಿಕೋ ಲೀಗಲ್ ಕೇಸ್‌ಗೂ ಸಂಬಂಧ ಇಲ್ಲ, ಯಾರು ಸರಿ ಯಾರು ತಪ್ಪು ಅನ್ನೋ ತೀರ್ಪೂ ಅಲ್ಲ ಅದು.

ಒಂದು ಮಾತು ಮೊದಲೇ ಹೇಳ್ತೀನಿ, ಕೋಡ್‌ಗಳ ಅಕ್ಷರಗಳನ್ನೂ ಇಲ್ಲಿ ಕನ್ನಡದಲ್ಲೇ ಬರೀತಿದೀನಿ, ಎನ್‌ಕೋಡರ್‌ಗೆ (ಕೋಡ್ ಹುಡುಕೋ ಸಾಫ್ಟ್‌ವೇರ್) ಹಾಕೋವಾಗ ಇಂಗ್ಲಿಷ್ ಅಕ್ಷರ ಹಾಕ್ಕೊಳ್ಳಿ. ಇದೆಲ್ಲ ಐಸಿಡಿ-10-ಸಿಎಂ ಪ್ರಕಾರ, ಅಂದ್ರೆ ಅಮೆರಿಕಾದವರು 2015ರ ಅಕ್ಟೋಬರ್ 1ರಿಂದ ಬಳಸ್ತಿರೋ ರೋಗ, ಗಾಯ, ಕಾರಣಗಳ ಕೋಡ್ ಸೆಟ್. ಡಬ್ಲ್ಯೂಎಚ್‌ಓ ಐಸಿಡಿ-10ನಲ್ಲೂ ಲೀಗಲ್ ಇಂಟರ್ವೆನ್ಷನ್‌ನಲ್ಲಿ ಹಾರಿದ ಗುಂಡಿಗೆ ವೈ35.0 ಇದೆ, ಆದ್ರೆ ಅಲ್ಲಿ ಪೊಲೀಸ್‌ಗೆ ಏಟಾಯ್ತಾ, ಸಸ್ಪೆಕ್ಟ್‌ಗಾ, ದಾರೀಲಿ ಹೋಗೋರಿಗಾ ಅಂತ ಬಿಡಿಸಿ ಹೇಳೋ ಅಕ್ಷರ ಇಲ್ಲ.

ಸ್ಟೆಪ್ 1: ಗಾಯ ಬಿಡಿ, ಮೊದಲು ಕತೆ ಓದಿ

ಟ್ರಾಮಾ ಎಚ್‌ಆಂಡ್‌ಪಿ (ಡಾಕ್ಟರ್ ಮೊದಲು ಕೇಳಿ, ಪರೀಕ್ಷೆ ಮಾಡಿ ಬರೆಯೋ ನೋಟ್), ಇಆರ್ (ಎಮರ್ಜೆನ್ಸಿ ರೂಮ್) ನೋಟ್, ಆಂಬುಲೆನ್ಸ್‌ನವರ ಶೀಟ್, ನರ್ಸ್ ಟ್ರಯಾಜ್ ನೋಟ್ ಎಲ್ಲ ಒಂದ್ಸಲ ಓದಿ, ಪಕ್ಕದಲ್ಲಿ ಒಂದು ಚೀಟಿಯಲ್ಲಿ ನಾಲ್ಕೇ ಉತ್ತರ ಬರ್ಕೊಳ್ಳಿ. ಗುಂಡು ಹಾರಿಸಿದ್ದು ಯಾರು, ಆ ಹೊತ್ತಲ್ಲಿ ಆಫೀಸರ್ ಏನ್ ಮಾಡ್ತಿದ್ದ, ಯಾವ ಥರದ ಗನ್ನು, ಎಲ್ಲಿ ಆಯ್ತು. ಗಾಯ ಎಲ್ಲಿದೆ ಅನ್ನೋದು ಹೆಂಗಿದ್ರೂ ಸರ್ಜನ್ ನೋಟಿನಲ್ಲಿ ಸಿಗತ್ತೆ, ಈ ನಾಲ್ಕು ಮಾತ್ರ ಎಲ್ಲೋ ಮೂಲೆಯಲ್ಲಿ ಅರ್ಧ ವಾಕ್ಯದಲ್ಲಿ ಇರತ್ತೆ.

ಡಾಕ್ಟರ್ ಅಲ್ಲದವರು ಬರೆದ ನೋಟಿನಿಂದ ಏನೇನು ತಗೋಬಹುದು ಅನ್ನೋದು ಅಫಿಷಿಯಲ್ ಗೈಡ್‌ಲೈನ್‌ನ ಸೆಕ್ಷನ್ 1 ಬಿ 14ರಲ್ಲಿ ಇದೆ, ಆ ಲಿಸ್ಟ್ ಬದಲಾಗ್ತಾ ಇರತ್ತೆ, ಹಾಗಾಗಿ ನಿಮ್ಮ ಚಾರ್ಟಿನ ಡೇಟ್‌ಗೆ ಅನ್ವಯ ಆಗೋ ವರ್ಷದ ಗೈಡ್‌ಲೈನ್ ತೆಗೆದು ನೋಡಿ. ವರ್ಷ ಅಂದ್ರೆ ಅಕ್ಟೋಬರ್ 1ರಿಂದ ಮುಂದಿನ ಸೆಪ್ಟೆಂಬರ್ 30, ನಡುವೆ ಏಪ್ರಿಲ್‌ನಲ್ಲೂ ಅಪ್‌ಡೇಟ್ ಬರತ್ತೆ. ಇನ್‌ಪೇಷಂಟ್‌ಗೆ ಡಿಸ್ಚಾರ್ಜ್ ಡೇಟ್ ಲೆಕ್ಕ.

ಹುಷಾರಾಗಿರಬೇಕಾದ ಒಂದು ಪದ ಇದೆ, 'ಆಫೀಸರ್ ಇನ್‌ವಾಲ್ವ್ಡ್ ಶೂಟಿಂಗ್'. ಇದು ಅಮೆರಿಕಾ ಪೊಲೀಸ್ ಭಾಷೆ, ಬಹುಪಾಲು ಆಫೀಸರ್ರೇ ಗುಂಡು ಹಾರಿಸಿದ ಘಟನೆಗೆ ಹೇಳ್ತಾರೆ. ಏಟು ಬಿದ್ದಿದ್ದು ಯಾರಿಗೆ ಅನ್ನೋದು ಈ ಪದದಿಂದ ಗೊತ್ತಾಗಲ್ಲ. ಪೇಷಂಟ್ ಯಾರು ಅಂತ ನೋಡ್ದೇ ಇದೊಂದರ ಮೇಲೆ ಕೋಡ್ ಹಾಕಿದ್ರೆ ಆಡಿಟ್‌ನಲ್ಲಿ ಸಿಕ್ಕಿಹಾಕ್ಕೊಳ್ತೀರ.

ಸ್ಟೆಪ್ 2: ಎನ್‌ಕೌಂಟರ್ ಹೌದೋ ಅಲ್ವೋ

ಇಡೀ ಕೆಲಸದ ಗಂಟು ಇರೋದು ಇಲ್ಲೇ, ಅದಕ್ಕೆ ಸ್ವಲ್ಪ ಉದ್ದ ಹೇಳ್ತೀನಿ. (ಎನ್‌ಕೌಂಟರ್ ಅಂದ ತಕ್ಷಣ ನಮ್ಮ ಪೇಪರ್‌ಗಳಲ್ಲಿ ಬರೋ ಎನ್‌ಕೌಂಟರ್ ನೆನಪಾಗತ್ತಲ್ಲ, ಅದಲ್ಲ, ಇಲ್ಲಿ ಬರೀ ಮುಖಾಮುಖಿ ಅಂತ ಅರ್ಥ.)

ವೈ35 ಕೆಟಗರಿ ಕೆಳಗೆ ಒಂದು ಇನ್‌ಕ್ಲೂಡ್ಸ್ ನೋಟ್ ಇದೆ. ಅದರ ಸಾರ ಏನು ಅಂದ್ರೆ, ಕಾನೂನು ಜಾರಿ ಮಾಡೋ ಅಧಿಕಾರಿ ಜೊತೆ ಆದ ಮುಖಾಮುಖಿಯಲ್ಲಿ ಯಾರಿಗೇ ಪೆಟ್ಟಾದ್ರೂ ಅದು ಲೀಗಲ್ ಇಂಟರ್ವೆನ್ಷನ್, ಆಫೀಸರ್ ಆ ಹೊತ್ತಲ್ಲಿ ಆನ್‌ಡ್ಯೂಟಿ ಇರಲಿ ಆಫ್‌ಡ್ಯೂಟಿ ಇರಲಿ, ಪೆಟ್ಟು ತಿಂದಿದ್ದು ಆಫೀಸರ್ ಆಗಿರಲಿ ಸಸ್ಪೆಕ್ಟ್ ಆಗಿರಲಿ ಸುಮ್ನೆ ನಿಂತಿದ್ದವನಾಗಿರಲಿ. ಪೊಲೀಸರು ಹೊಡೆದ್ರೆ ಮಾತ್ರ ಈ ಕೋಡು ಅಂತ ಬಹಳ ಜನ ಅಂದ್ಕೊಂಡಿದಾರೆ. ಇದಕ್ಕಿಂತ ಹಿಂದಿನ ಸೆಟ್ ಆದ ಐಸಿಡಿ-9 ಕಾಲದಲ್ಲಿ ಇ970 ಕೋಡ್ ಬರೆದಿದ್ದೇ ಆ ಧಾಟಿಯಲ್ಲಿ, ಪೊಲೀಸರಿಂದ ಆದ ಗಾಯ ಅಂತ. ಹಳೇ ಸೀನಿಯರ್‌ಗಳ ಬಾಯಿಂದ ಅದೇ ಪಾಠ ಇವತ್ತಿಗೂ ಬರ್ತಿರತ್ತೆ, ನಂಬ್ಬೇಡಿ.

ಇನ್ನು ಅಸಾಲ್ಟ್ ಬ್ಲಾಕ್, ಅಂದ್ರೆ ಎಕ್ಸ್92ರಿಂದ ವೈ09, ಅದರ ತಲೆಯಲ್ಲೇ ಎಕ್ಸ್‌ಕ್ಲೂಡ್ಸ್1 ಹಾಕಿ ಲೀಗಲ್ ಇಂಟರ್ವೆನ್ಷನ್, ಯುದ್ಧ, ಟೆರರಿಸಂ ಮೂರನ್ನೂ ಹೊರಗಿಟ್ಟಿದಾರೆ. ಅಂದ್ರೆ ಒಂದೇ ಗುಂಡಿಗೆ ಎಕ್ಸ್93 (ಹ್ಯಾಂಡ್‌ಗನ್ ಅಸಾಲ್ಟ್) ಮತ್ತು ವೈ35 ಎರಡೂ ಹಾಕೋ ಹಾಗಿಲ್ಲ. 'ಸೇಫ್ಟಿಗೆ ಎರಡೂ ಹಾಕಿದೆ ಸರ್' ಅನ್ನೋರು ಪ್ರತಿ ಬ್ಯಾಚಲ್ಲೂ ಒಬ್ರು ಸಿಗ್ತಾರೆ.

ಈಗ ಒಂದೊಂದೇ ಸನ್ನಿವೇಶ ನೋಡೋಣ.

ಅರೆಸ್ಟ್ ಮಾಡೋಕೆ ಹೋದಾಗ, ಗಾಡಿ ನಿಲ್ಲಿಸಿದಾಗ, ವಾರಂಟ್ ಹಿಡ್ಕೊಂಡು ಮನೆ ಬಾಗಿಲು ತಟ್ಟಿದಾಗ ಸಸ್ಪೆಕ್ಟ್ ಗುಂಡು ಹಾರಿಸಿದ: ವೈ35. ಅದೇ ಗಲಾಟೆಯಲ್ಲಿ ಜೊತೆಗಿದ್ದ ಇನ್ನೊಬ್ಬ ಆಫೀಸರ್‌ನ ಗುಂಡೇ ಇವನಿಗೆ ಬಿತ್ತು: ಅದೂ ವೈ35, ಮುಖಾಮುಖಿಯಲ್ಲೇ ಆಗಿದ್ದು ತಾನೇ. ರಜೆ ಮೇಲಿದ್ದ ಆಫೀಸರ್ ಅಂಗಡಿಗೆ ಹಾಲು ತರೋಕೆ ಹೋಗಿದ್ದ, ಅಲ್ಲಿ ದರೋಡೆ ನಡೀತಿತ್ತು, ತಾನು ಪೊಲೀಸ್ ಅಂತ ಹೇಳಿ ತಡೆಯೋಕೆ ಹೋಗಿ ಗುಂಡು ತಿಂದ: ವೈ35, ಆಫ್‌ಡ್ಯೂಟಿ ಅಂತ ನೋಟಲ್ಲೇ ಇದೆಯಲ್ಲ.

ಅದೇ ಆಫೀಸರ್‌ಗೆ ಮನೇಲಿ ಹೆಂಡ್ತಿನೋ ಗಂಡನೋ ಜಗಳದಲ್ಲಿ ಶೂಟ್ ಮಾಡಿದ್ರೆ ಅದು ಪೊಲೀಸ್ ಕೆಲಸ ಅಲ್ಲ. ಅಸಾಲ್ಟ್. ಡಾಕ್ಟರ್ ಅಬ್ಯೂಸ್ ಅಂತ ಬರೆದಿದ್ರೆ ಅಬ್ಯೂಸ್‌ನ ಟಿ74 ಮೊದಲು ಬರತ್ತೆ, ಮಾಡಿದವರು ಯಾರು ಅನ್ನೋಕೆ ವೈ07 ಸೇರತ್ತೆ. ಪೊಲೀಸ್ ಅನ್ನೋದು ಪೇಷಂಟ್‌ನ ಉದ್ಯೋಗ ಅಷ್ಟೇ, ಉದ್ಯೋಗ ನೋಡಿ ವೈ35 ಹಾಕೋದಲ್ಲ.

ಶೂಟಿಂಗ್ ರೇಂಜಲ್ಲಿ ಪ್ರಾಕ್ಟೀಸ್ ಮಾಡೋವಾಗ ಗನ್ನನ್ನ ಹೋಲ್‌ಸ್ಟರ್‌ಗೆ ಹಾಕ್ತಾ ಹಾಕ್ತಾ ತನ್ನ ತೊಡೆಗೇ ಹೊಡ್ಕೊಂಡ: ಆಕ್ಸಿಡೆಂಟ್. ಡಬ್ಲ್ಯೂ32.0, ಹ್ಯಾಂಡ್‌ಗನ್ ಡಿಸ್ಚಾರ್ಜ್. ಗನ್ನೇ ಕೆಟ್ಟು ಕೈಕೊಟ್ಟಿದ್ರೆ ಡಬ್ಲ್ಯೂ32.1, ಮಾಲ್‌ಫಂಕ್ಷನ್. ಮನೇಲಿ ಗನ್ ಕ್ಲೀನ್ ಮಾಡೋವಾಗ ಆದ್ರೂ ಇದೇ ಕೆಟಗರಿ. ಸ್ವಂತ ಜೀವಕ್ಕೆ ಅಪಾಯ ಮಾಡ್ಕೊಂಡಿದ್ದು ಅಂತ ಡಾಕ್ಟರ್ ಬರೆದಿದ್ರೆ ಎಕ್ಸ್72ರಿಂದ ಎಕ್ಸ್74ರ ಒಳಗೆ ಹೋಗತ್ತೆ, ಸರ್ವಿಸ್ ಗನ್ ಅನ್ನೋ ಕಾರಣಕ್ಕೆ ಬೇರೆ ಏನೂ ಬದಲಾಗಲ್ಲ.

ನಿಜವಾದ ತಲೆನೋವು ಅಂದ್ರೆ ಹೊಂಚು ಹಾಕಿ ಹೊಡೆದಿದ್ದು. ಆಫೀಸರ್ ಗಾಡಿ ನಿಲ್ಲಿಸ್ಕೊಂಡು ಕಾಫಿ ಕುಡೀತಾ ಇದ್ದ, ಯಾರೋ ಬಂದು ಕಿಟಕಿಯಿಂದ ಹೊಡೆದು ಓಡಿಹೋದ. ಇಲ್ಲಿ ಇಬ್ಬರ ನಡುವೆ ಏನೂ ನಡೆದೇ ಇಲ್ಲ, ಇದು ಮುಖಾಮುಖಿನಾ? ಕೆಲವು ಆಡಿಟರ್‌ಗಳು ಯೂನಿಫಾರ್ಮಿನಲ್ಲಿದ್ದ ಆಫೀಸರ್‌ಗೆ ಬಿದ್ದಿದ್ದೆಲ್ಲ ವೈ35 ಅಂತಾರೆ. ನನ್ನ ಅಭಿಪ್ರಾಯ ಅದಲ್ಲ. ಆಫೀಸರ್ ಯಾವ ಪೊಲೀಸ್ ಕೆಲಸವನ್ನೂ ಮಾಡ್ತಿರಲಿಲ್ಲ, ಎದುರಿನವನ ಜೊತೆ ವ್ಯವಹಾರವೇ ಇರಲಿಲ್ಲ ಅಂತ ಚಾರ್ಟ್ ಸ್ಪಷ್ಟವಾಗಿ ಹೇಳಿದ್ರೆ ನಾನು ಅಸಾಲ್ಟ್ ಕಡೆ ಹೋಗ್ತೀನಿ. ಆದ್ರೆ ಇದನ್ನ ಒಬ್ಬರೇ ಡಿಸೈಡ್ ಮಾಡ್ಬೇಡಿ, ಕ್ಲೈಂಟ್‌ನ (ಚಾರ್ಟ್ ಕಳಿಸೋ ಆಸ್ಪತ್ರೆಯ) ಕೋಡಿಂಗ್ ಪಾಲಿಸಿ ನೋಡಿ, ಟಿಎಲ್‌ಗೆ (ಟೀಮ್ ಲೀಡ್) ಮೇಲ್ ಹಾಕಿ, ಬಂದ ಉತ್ತರ ಎತ್ತಿಟ್ಕೊಳ್ಳಿ. ಒಂದು ಪ್ರಾಜೆಕ್ಟಿನಲ್ಲಿ ನಾನು ಬಾಯಿಮಾತಿನ ಉತ್ತರ ನಂಬಿ ಹಾಕಿದ್ದ ಕೋಡ್‌ಗಳು ಆರು ತಿಂಗಳು ಬಿಟ್ಟು ಎರರ್ ಆಗಿ ನನ್ನ ತಲೆಗೇ ಬಂದ್ವು, ಹೇಳಿದವರಿಗೆ ಹೇಳಿದ್ದೇ ನೆನಪಿರಲಿಲ್ಲ.

ಸ್ಟೆಪ್ 3: ಯಾರು ಪೊಲೀಸ್, ಯಾರು ಅಲ್ಲ

ನಮ್ಮಲ್ಲಿ ಕಾನ್‌ಸ್ಟೇಬಲ್, ಎಸ್‌ಐ ಅಂತ ಒಂದೇ ಇಲಾಖೆ. ಅಲ್ಲಿ ಊರಿಗೊಂದು ಡಿಪಾರ್ಟ್‌ಮೆಂಟು. ಡೆಪ್ಯುಟಿ ಅಂದ್ರೆ ಶೆರಿಫ್ ಆಫೀಸಿನ ಪೊಲೀಸ್, ಟ್ರೂಪರ್ ಅಂದ್ರೆ ಸ್ಟೇಟ್ ಪೊಲೀಸ್, ಮಾರ್ಷಲ್, ಎಫ್‌ಬಿಐ ಏಜೆಂಟ್, ಬಾರ್ಡರ್ ಪಟ್ರೋಲ್ ಇವರೆಲ್ಲ ಫೆಡರಲ್. ಎಲ್ಲರೂ ಲಾ ಎನ್‌ಫೋರ್ಸ್‌ಮೆಂಟ್ ಅಫಿಷಿಯಲ್ಲೇ. ಮಾಲ್‌ನ ಪ್ರೈವೇಟ್ ಸೆಕ್ಯುರಿಟಿ ಗಾರ್ಡ್ ಅಲ್ಲ, ಅವನಿಗೆ ಗುಂಡು ಬಿದ್ರೆ ಅಸಾಲ್ಟ್, ಜೊತೆಗೆ ಕೆಲಸದ ಮೇಲಿದ್ದ ಅನ್ನೋ ಸ್ಟೇಟಸ್ ಕೋಡ್. ಆದ್ರೆ ಆ ಗಾರ್ಡ್ ಅಸಲಿಗೆ ಆಫ್‌ಡ್ಯೂಟಿ ಪೊಲೀಸ್, ಎಕ್ಸ್‌ಟ್ರಾ ದುಡ್ಡಿಗೆ ಗಾರ್ಡ್ ಕೆಲಸ ಮಾಡ್ತಿದ್ದ ಅಂದ್ರೆ ಮತ್ತೆ ಸ್ಟೆಪ್ 2ಕ್ಕೆ ವಾಪಸ್. ಅಲ್ಲಿ ಈ ಥರ ಸೈಡ್ ಕೆಲಸ ಮಾಮೂಲಿ, ಹಾಗಾಗಿ 'ಸೆಕ್ಯುರಿಟಿ' ಅನ್ನೋ ಪದ ನೋಡಿದ ಕೂಡ್ಲೆ ತೀರ್ಮಾನಕ್ಕೆ ಬರ್ಬೇಡಿ.

ಸ್ಟೆಪ್ 4: ವೈ35.0 ಕಟ್ಟೋದು

ಈ ಕೋಡ್‌ನ ಇಟ್ಟಿಗೆ ಇಟ್ಟಿಗೆಯಾಗಿ ಜೋಡಿಸ್ಬೇಕು. ವೈ35 ಆದ್ಮೇಲೆ ಚುಕ್ಕಿ, ನಾಲ್ಕನೇದು 0 ಅಂದ್ರೆ ಫೈರ್‌ಆರ್ಮ್. ಐದನೇದು ಗನ್ನಿನ ಜಾತಿ: 0 ಯಾವ ಗನ್ ಅಂತ ಹೇಳಿಲ್ಲ, 1 ಮೆಷಿನ್‌ಗನ್, 2 ಹ್ಯಾಂಡ್‌ಗನ್, 3 ರೈಫಲ್ ಪೆಲೆಟ್, 4 ರಬ್ಬರ್ ಬುಲೆಟ್, 9 ಇತರೆ. ಆರನೇದು ಪೆಟ್ಟು ಯಾರಿಗೆ: 1 ಆಫೀಸರ್, 2 ಬೈಸ್ಟ್ಯಾಂಡರ್, 3 ಸಸ್ಪೆಕ್ಟ್, 9 ಯಾರು ಅಂತ ಹೇಳಿಲ್ಲ. ಆ 9 ಮೊದಲು ಇರ್ಲಿಲ್ಲ, 2019ರ ಅಕ್ಟೋಬರ್‌ನಲ್ಲಿ ಸೇರಿಸಿದ್ರು. ಏಳನೇದು ಎ, ಡಿ ಅಥವಾ ಎಸ್, ಅರ್ಥ ಸ್ಟೆಪ್ 9ರಲ್ಲಿ ಇದೆ. ಪಿಸ್ತೂಲು, ಏಟು ಆಫೀಸರ್‌ಗೆ, ಟ್ರೀಟ್‌ಮೆಂಟ್ ನಡೀತಿದೆ: ವೈ35.021ಎ. ನಮ್ಮ ಕೆಲಸಕ್ಕೆ ಆರನೇ ಜಾಗದಲ್ಲಿ ಯಾವಾಗ್ಲೂ 1 ಇರ್ಬೇಕು, ಸಬ್ಮಿಟ್ ಒತ್ತೋಕೆ ಮುಂಚೆ ಆ ಒಂದು ಅಂಕಿ ಮೇಲೆ ಬೆರಳಿಟ್ಟು ನೋಡಿ.

ಗನ್ನಿನ ಜಾತಿಯಲ್ಲಿ ಎರಡು ಗುಂಡಿ ಇದೆ, ಎರಡಕ್ಕೂ ಜನ ಬೀಳ್ತಾರೆ. ಒಂದು, ಚಾರ್ಟಲ್ಲಿ ಎಆರ್-15 ಅಂತ ಇದ್ರೆ ಫೋಟೋ ನೋಡಿ ಮೆಷಿನ್‌ಗನ್ ಅನ್ಸತ್ತೆ. ಮಾರ್ಕೆಟ್ಟಲ್ಲಿ ಸಿಗೋ ಎಆರ್-15 ಸೆಮಿ ಆಟೋಮ್ಯಾಟಿಕ್, ಒಂದ್ಸಲ ಟ್ರಿಗರ್ ಎಳೆದ್ರೆ ಒಂದೇ ಗುಂಡು, ಮೆಷಿನ್‌ಗನ್ ಅಂದ್ರೆ ಎಳೆದು ಹಿಡಿದ್ರೆ ಹಾರ್ತಾನೇ ಇರ್ಬೇಕು. ಎರಡು, ರೈಫಲ್ ಪೆಲೆಟ್ ಅನ್ನೋ ಕೋಡು. ಸಾಮಾನ್ಯ ರೈಫಲ್ ಬುಲೆಟ್‌ಗೆ, ಶಾಟ್‌ಗನ್‌ಗೆ ಇಲ್ಲಿ ಹೆಸರಿಟ್ಟು ಜಾಗ ಕೊಟ್ಟಿಲ್ಲ, ಅಸಾಲ್ಟ್ ಕಡೆ ಎಕ್ಸ್94ರಲ್ಲಿ ಶಾಟ್‌ಗನ್, ಹಂಟಿಂಗ್ ರೈಫಲ್, ಮೆಷಿನ್‌ಗನ್ ಅಂತ ಚೆಂದಾಗಿ ಬಿಡಿಸಿಟ್ಟು ಇಲ್ಲಿ ಮಾತ್ರ ಪೆಲೆಟ್ ಅಂತ ಯಾಕೆ ಬರೆದ್ರೋ ಬರೆದವರಿಗೇ ಗೊತ್ತು. ನಾನು ರೈಫಲ್‌ಗೂ ಶಾಟ್‌ಗನ್‌ಗೂ ವೈ35.091ಎ ಹಾಕ್ತೀನಿ, ಯಾಕಂದ್ರೆ ಗನ್ ಯಾವುದು ಅಂತ ಗೊತ್ತಿದೆ, ಪಟ್ಟಿಯಲ್ಲಿ ಹೆಸರಿಲ್ಲ ಅಷ್ಟೇ. ಕ್ಲೈಂಟ್ ಬೇರೆ ಹೇಳಿದ್ರೆ ಕ್ಲೈಂಟ್ ಮಾತೇ ನಡೀಲಿ.

ಟೇಸರ್ ಫೈರ್‌ಆರ್ಮ್ ಅಲ್ಲ. ಅದಕ್ಕೆ ವೈ35.83 ಅಂತ ಬೇರೆ ಕೋಡೇ ಬಂದಿದೆ, ಅದೂ 2019ರಲ್ಲೇ.

ಅಸಾಲ್ಟ್ ಅಂತ ತೀರ್ಮಾನ ಆದ್ರೆ ಹ್ಯಾಂಡ್‌ಗನ್‌ಗೆ ಎಕ್ಸ್93, ದೊಡ್ಡ ಗನ್‌ಗಳಿಗೆ ಎಕ್ಸ್94, ಏರ್‌ಗನ್‌ನಂಥವು ಮತ್ತು ಯಾವ ಗನ್ ಅಂತ ಗೊತ್ತಿಲ್ಲದ್ದು ಎಕ್ಸ್95. ಎಕ್ಸ್93ಗೆ ಒಳಜಾತಿ ಇಲ್ಲ, ಹಾಗಾಗಿ ಚುಕ್ಕಿ ಆದ್ಮೇಲೆ ಮೂರು ಎಕ್ಸ್ ತುಂಬಿಸಿ ಕೊನೆಗೆ ಎ ಹಾಕ್ಬೇಕು. ಎರಡೇ ಎಕ್ಸ್ ಹಾಕಿದ್ರೆ ಕೋಡ್ ಇನ್‌ವ್ಯಾಲಿಡ್ ಆಗಿ ಕ್ಲೇಮ್ ಹಂಗೇ ವಾಪಸ್ ಬರತ್ತೆ.

ಸ್ಟೆಪ್ 5: ಚಾರ್ಟ್ ಬಾಯಿ ಬಿಡದಿದ್ರೆ

'ಆಫೀಸರ್ ವಿತ್ ಜಿಎಸ್‌ಡಬ್ಲ್ಯೂ ಟು ಲೆಫ್ಟ್ ಆರ್ಮ್' ಅಂತ ಇಷ್ಟೇ ಇದೆ, ಯಾರು ಹೊಡೆದ್ರು ಎಲ್ಲಿ ಏನು ಏನೂ ಇಲ್ಲ. ಗೈಡ್‌ಲೈನ್ ಏನನ್ನತ್ತೆ ಅಂದ್ರೆ ಉದ್ದೇಶ ಬರೆದಿಲ್ಲ, ಗೊತ್ತಿಲ್ಲ ಅಂದ್ರೆ ಆಕ್ಸಿಡೆಂಟ್ ಅಂತ ಕೋಡ್ ಮಾಡು. ಅನ್‌ಡಿಟರ್ಮಿನ್ಡ್ ಅನ್ನೋ ವೈ22ರಿಂದ ವೈ24ರವರೆಗಿನ ಕೋಡ್‌ಗಳು ಉದ್ದೇಶ ಏನು ಅಂತ ಹೇಳಕ್ಕಾಗಲ್ಲ ಅಂತ ಚಾರ್ಟಿನಲ್ಲೇ ಬರೆದಿದ್ರೆ ಮಾತ್ರ. ನಿಮಗೆ ಗೊತ್ತಾಗ್ಲಿಲ್ಲ ಅನ್ನೋದು ಅನ್‌ಡಿಟರ್ಮಿನ್ಡ್ ಅಲ್ಲ.

ಈ ರೂಲಿಂದ ಏನಾಗಿದೆ ಅಂದ್ರೆ ಯಾರೋ ಬೇಕಂತಲೇ ಹೊಡೆದ ಗುಂಡುಗಳೆಲ್ಲ ಆಸ್ಪತ್ರೆ ಡೇಟಾದಲ್ಲಿ ಆಕ್ಸಿಡೆಂಟ್ ಆಗಿ ಕೂತಿವೆ, ಅಲ್ಲಿನ ಸಂಶೋಧಕರು ಇದನ್ನ ಎತ್ತಿ ತೋರಿಸಿದಾರೆ. ಆಫೀಸರ್ ವಿಷಯದಲ್ಲಂತೂ ಇದು ಇನ್ನೂ ಕೆಟ್ಟದಾಗಿ ಕಾಣತ್ತೆ. ಅದಕ್ಕೆ ಆಕ್ಸಿಡೆಂಟ್ ಅಂತ ಹಾಕಿ ಕೈತೊಳ್ಕೊಳ್ಳೋಕೆ ಮುಂಚೆ ಡಾಕ್ಟರ್‌ಗೆ ಒಂದು ಕ್ವೆರಿ, ಅಂದ್ರೆ ಪ್ರಶ್ನೆ, ಹಾಕಿ. ಕ್ವೆರಿಯಲ್ಲಿ 'ಸಸ್ಪೆಕ್ಟ್ ಹೊಡೆದಿದ್ದು ಅಂತ ಬರೀರಿ ಡಾಕ್ಟ್ರೇ' ಅಂತ ಉತ್ತರವನ್ನ ನೀವೇ ಬಾಯಿಗಿಡೋ ಹಾಗಿಲ್ಲ. ಚಾರ್ಟಲ್ಲಿ ಏನಿದೆ ಅಂತ ಹೇಳಿ, ಗಾಯ ಆದ ಸಂದರ್ಭ ದಯವಿಟ್ಟು ಸ್ಪಷ್ಟಪಡಿಸಿ ಅಂತ ಕೇಳಿ, ಆಯ್ಕೆ ಕೊಡೋದಾದ್ರೆ ಪೊಲೀಸ್ ಕಾರ್ಯಾಚರಣೆ, ಹಲ್ಲೆ, ಆಕಸ್ಮಿಕ, ಇತರೆ, ಹೇಳಕ್ಕಾಗಲ್ಲ ಎಲ್ಲಾನೂ ಕೊಡಿ. ಟಿವಿ ನ್ಯೂಸ್‌ನಲ್ಲಿ ಆ ಘಟನೆ ನೋಡಿದ್ದೆ, ಹಾಗಾಗಿ ಗೊತ್ತು ಅನ್ನೋದು ಡಾಕ್ಯುಮೆಂಟೇಷನ್ ಅಲ್ಲ.

ಸ್ಟೆಪ್ 6: ಟೆರರಿಸಂ

ಇದು ಅಪರೂಪ, ಆದ್ರೆ ಬಂದಾಗ ಎಲ್ಲರೂ ತಪ್ಪು ಮಾಡ್ತಾರೆ. ಫೆಡರಲ್ ಸರ್ಕಾರ, ಅಂದ್ರೆ ಎಫ್‌ಬಿಐ, ಇದು ಟೆರರಿಸಂ ಅಂತ ಹೇಳಿದ್ರೆ ಮಾತ್ರ ವೈ38. ಫೈರ್‌ಆರ್ಮ್‌ಗೆ ವೈ38.4, ಆಮೇಲೆ ಎಕ್ಸ್, ಆಮೇಲೆ ಪಬ್ಲಿಕ್ ಸೇಫ್ಟಿ ಅಫಿಷಿಯಲ್‌ಗೆ 1: ವೈ38.4ಎಕ್ಸ್1ಎ. ಬರೀ ಅನುಮಾನ ಇದ್ರೆ ಈ ಕೋಡ್ ಮುಟ್ಟೋ ಹಾಗಿಲ್ಲ, ಗೈಡ್‌ಲೈನ್ ಅದನ್ನ ಅಸಾಲ್ಟ್‌ಗೆ ಕಳಿಸತ್ತೆ.

ಕ್ಯಾಲಿಫೋರ್ನಿಯಾದ ಸ್ಯಾನ್ ಬರ್ನಾರ್ಡಿನೋ ನೆನಪಿರಬಹುದು. 2015ರ ಡಿಸೆಂಬರ್ 2, ಐಸಿಡಿ-10 ಶುರುವಾಗಿ ಎರಡು ತಿಂಗಳಾಗಿತ್ತು ಅಷ್ಟೇ. ಗುಂಡಿನ ದಾಳಿಯಲ್ಲಿ 14 ಜನ ಸತ್ರು, ಆಮೇಲೆ ದಾಳಿಕೋರರ ಜೊತೆ ನಡೆದ ಗುಂಡಿನ ಕಾಳಗದಲ್ಲಿ ಇಬ್ಬರು ಆಫೀಸರ್‌ಗಳಿಗೆ ಗಾಯ ಆಯ್ತು. ಎಫ್‌ಬಿಐ ಇದನ್ನ ಟೆರರಿಸಂ ಆಗಿ ತನಿಖೆ ಮಾಡ್ತಿದೀವಿ ಅಂತ ಹೇಳಿದ್ದು 4ನೇ ತಾರೀಖು. ಅಂಥ ದಿನ ನೀವು ಮಾರನೇ ದಿನವೇ ಇಆರ್ ಚಾರ್ಟ್ ಮುಗಿಸೋ ಟೀಮಲ್ಲಿ ಇದ್ರೆ ಏನ್ಮಾಡ್ತೀರ ಯೋಚ್ನೆ ಮಾಡಿ. ನಾನಾಗಿದ್ರೆ ಚಾರ್ಟನ್ನ ಹೋಲ್ಡ್‌ನಲ್ಲಿ ಇಡ್ತೀನಿ.

ಸ್ಟೆಪ್ 7: ಈಗ ಗಾಯ

ಎಕ್ಸ್‌ಟರ್ನಲ್ ಕಾಸ್ ಕೋಡ್, ಅಂದ್ರೆ ಗಾಯದ ಕಾರಣ ಹೇಳೋ ಕೋಡ್, ಯಾವತ್ತೂ ಮೊದಲ ಡಯಾಗ್ನೋಸಿಸ್ ಆಗಲ್ಲ, ಮೊದಲು ಬರೋದು ಗಾಯ, ಅದರಲ್ಲೂ ಡಾಕ್ಟರ್ ಪ್ರಕಾರ ಅತಿ ಗಂಭೀರವಾದ ಗಾಯ.

ಗುಂಡಿನ ಗಾಯ ಸಾಮಾನ್ಯವಾಗಿ ಪಂಕ್ಚರ್ ವೂಂಡ್ ಆಗಿ ಹೋಗತ್ತೆ. ಇಲ್ಲಿ ಕೇಳ್ಕೋಬೇಕಾದ ಪ್ರಶ್ನೆ ಎರಡು: ಗುಂಡು ಒಳಗೇ ಉಳೀತಾ, ಎದೆಗೂಡಿನ ಅಥವಾ ಹೊಟ್ಟೆಯ ಒಳಗೆ ಹೋಯ್ತಾ. ಬಲ ಎದೆ ಮುಂಭಾಗ, ಒಳಗೆ ನುಗ್ಗಿ ಅಲ್ಲೇ ಉಳೀತು ಅಂದ್ರೆ ಎಸ್21.341ಎ. ಮುಂದಿಂದ ನುಗ್ಗಿ ಬೆನ್ನಿಂದ ಆಚೆ ಬಂತು ಅಂದ್ರೆ ಎಸ್21.331ಎ ಜೊತೆ ಬೆನ್ನಿಗೆ ಎಸ್21.431ಎ. ಬಲ ತೊಡೆಯಲ್ಲಿ ಈ ಕಡೆಯಿಂದ ಆ ಕಡೆ ಹೋಗಿದ್ರೆ ಎರಡು ತೂತು ಇದ್ರೂ ಎಸ್71.131ಎ ಒಂದೇ ಸಲ.

ಒಳಗಿನ ಅಂಗಗಳಿಗೆ ಬೇರೆ ಕೋಡ್. ಶ್ವಾಸಕೋಶ ಹರಿದಿದ್ರೆ ಎಸ್27.331ಎ, ರಕ್ತ ಗಾಳಿ ಎರಡೂ ತುಂಬಿದ್ರೆ ಎಸ್27.2 ಆದ್ಮೇಲೆ ಎರಡು ಎಕ್ಸ್ ಮತ್ತು ಎ. ಗುಂಡು ಚರ್ಮ ಹರ್ಕೊಂಡು ಮೂಳೆ ಮುರಿದಿದೆ ಅಂದ್ರೆ ಅದು ಓಪನ್ ಫ್ರ್ಯಾಕ್ಚರ್, ಒಂದು ಪಕ್ಕೆಲುಬು ಬಲಗಡೆ ಎಸ್22.31ಎಕ್ಸ್‌ಬಿ. ಉದ್ದ ಮೂಳೆ ಆದ್ರೆ ಗಸ್ಟಿಲೋ ಟೈಪ್ (ಓಪನ್ ಫ್ರ್ಯಾಕ್ಚರ್ ಎಷ್ಟು ಗಂಭೀರ ಅನ್ನೋ ದರ್ಜೆ) ನೋಡಿ, 1 ಮತ್ತು 2ಕ್ಕೆ ಬಿ, 3ರ ಎ ಬಿ ಸಿ ಮೂರಕ್ಕೂ ಸಿ. ಓಪನ್ ಫ್ರ್ಯಾಕ್ಚರ್ ಹಾಕಿದ್ಮೇಲೆ ಅದೇ ಜಾಗದ ಓಪನ್ ವೂಂಡ್ ಕೂಡ ಹಾಕ್ಬಹುದಾ ಅನ್ನೋದು ಕೆಟಗರಿಯಿಂದ ಕೆಟಗರಿಗೆ ಬೇರೆ, ಆಯಾ ಕೆಟಗರಿಯ ಎಕ್ಸ್‌ಕ್ಲೂಡ್ಸ್ ನೋಟ್ ಓದ್ದೇ ಹಾಕ್ಬೇಡಿ. ರಕ್ತ ಹೋಗಿ ಅನೀಮಿಯಾ ಆಯ್ತು ಅಂತ ಡಾಕ್ಟರ್ ಬರೆದಿದ್ರೆ ಡಿ62, ಲ್ಯಾಬ್‌ನಲ್ಲಿ ಹಿಮೋಗ್ಲೋಬಿನ್ ಇಳಿದಿದ್ದನ್ನ ನೋಡಿ ನೀವೇ ಹಾಕೋದಲ್ಲ.

ಈಗ ಆಫೀಸರ್‌ಗಳಲ್ಲೇ ವಿಶೇಷವಾಗಿ ಸಿಗೋ ಗಾಯ, ವೆಸ್ಟ್. ಗುಂಡು ಬುಲೆಟ್‌ಪ್ರೂಫ್ ವೆಸ್ಟಿಗೆ ಬಿತ್ತು, ತೂರ್ಲಿಲ್ಲ. ಚಾರ್ಟಲ್ಲಿ ಜಿಎಸ್‌ಡಬ್ಲ್ಯೂ ಚೆಸ್ಟ್ ಅಂತಾನೇ ಹೆಡ್ಡಿಂಗ್ ಇರತ್ತೆ, ಓದಿದವರು ಓಪನ್ ವೂಂಡ್ ಹಾಕ್ತಾರೆ. ಆದ್ರೆ ಚರ್ಮ ಹರಿದೇ ಇಲ್ಲ. ಗುಂಡು ನಿಂತ್ರೂ ಅದರ ಹೊಡೆತ ನಿಲ್ಲಲ್ಲ, ವೆಸ್ಟ್ ಹಿಂಬದಿ ಉಬ್ಬಿ ಎದೆಗೆ ಗುದ್ದತ್ತೆ. ಅಮೆರಿಕಾದ ಎನ್‌ಐಜೆ (ನ್ಯಾಷನಲ್ ಇನ್‌ಸ್ಟಿಟ್ಯೂಟ್ ಆಫ್ ಜಸ್ಟಿಸ್) ಸ್ಟ್ಯಾಂಡರ್ಡ್ ಪ್ರಕಾರ ಟೆಸ್ಟ್ ಮಾಡೋವಾಗ ವೆಸ್ಟ್ ಹಿಂದಿನ ಜೇಡಿಮಣ್ಣಿನಲ್ಲಿ 44 ಮಿಲಿಮೀಟರ್‌ವರೆಗೂ ಗುಳಿ ಬೀಳೋದನ್ನ ಒಪ್ತಾರೆ, ಅದು ಎದೆ ಮೇಲೆ ಆದ್ರೆ ಹೆಂಗಿರತ್ತೆ ನೋಡ್ಕೊಳ್ಳಿ. ಹಾಗಾಗಿ ಇಲ್ಲಿ ಗಾಯದ ಕೋಡ್ ಕಂಟ್ಯೂಷನ್ (ಜಜ್ಜಿದ ಗಾಯ), ಬಲ ಎದೆಗೆ ಎಸ್20.211ಎ. ಒಳಗೆ ಶ್ವಾಸಕೋಶ ಜಜ್ಜಿದ್ರೆ ಎಸ್27.321ಎ, ಹೃದಯ ಜಜ್ಜಿದೆ ಅಂದಿದ್ರೆ ಎಸ್26.11ಎಕ್ಸ್‌ಎ, ಇವು ಇದ್ರೆ ಇವೇ ಮುಂದೆ, ಮೇಲಿನ ಕಂಟ್ಯೂಷನ್ ಅದೇ ಜಾಗದ್ದಾದ್ರೆ ಬಿಟ್ಟುಬಿಡಬಹುದು. ಕಾರಣದ ಕೋಡ್ ಮಾತ್ರ ಬದಲಾಗಲ್ಲ, ವೈ35.021ಎ ನೇ. 2016ರಲ್ಲಿ ಆರ್ಲ್ಯಾಂಡೋದ ಪಲ್ಸ್ ನೈಟ್‌ಕ್ಲಬ್‌ನಲ್ಲಿ ಆದ ಗುಂಡಿನ ದಾಳಿಯಲ್ಲಿ ಒಬ್ಬ ಆಫೀಸರ್‌ನ ಕೆವ್ಲಾರ್ ಹೆಲ್ಮೆಟ್‌ಗೆ ಗುಂಡು ಬಿದ್ದು ಜೀವ ಉಳೀತು, ತೂತು ಬಿದ್ದ ಆ ಹೆಲ್ಮೆಟ್ ಫೋಟೋನ ಪೊಲೀಸರೇ ಹಾಕಿದ್ರು. ಅಂಥ ಕೇಸಲ್ಲಿ ತಲೆಯ ಓಪನ್ ವೂಂಡ್ ಅಂತ ಹೆಡ್ಡಿಂಗ್ ನೋಡಿ ಹೊರಟ್ರೆ ಕತೆ ಮುಗೀತು, ಎಕ್ಸಾಮ್‌ನಲ್ಲಿ ಡಾಕ್ಟರ್ ಏನು ಕಂಡ್ರು ಅನ್ನೋದೇ ಮುಖ್ಯ.

ಆಫೀಸರ್ ಗಾಡಿ ಓಡಿಸ್ತಾ ಗುಂಡು ತಿಂದು ಕಂಬಕ್ಕೆ ಗುದ್ದಿದ್ರೆ ಟ್ರಾನ್ಸ್‌ಪೋರ್ಟ್‌ನ ವಿ ಕೋಡ್ ಕೂಡ ಸೇರತ್ತೆ, ಎಕ್ಸ್‌ಟರ್ನಲ್ ಕಾಸ್‌ಗಳ ಸಾಲಿನಲ್ಲಿ ಅದಕ್ಕೇ ಮುಂದಿನ ಜಾಗ. ಅದಕ್ಕಿಂತ ಮುಂದೆ ನಿಲ್ಲೋದು ಅಬ್ಯೂಸ್, ಟೆರರಿಸಂ ಮತ್ತು ಪ್ರಕೃತಿ ವಿಕೋಪದ ಕೋಡ್‌ಗಳು ಮಾತ್ರ.

ಸ್ಟೆಪ್ 8: ಎಲ್ಲಿ, ಕೆಲಸದ ಮೇಲಿದ್ನಾ

ಜಾಗಕ್ಕೆ ವೈ92. ಸ್ಟೇಟ್ ರೋಡ್ ವೈ92.413, ಇಂಟರ್‌ಸ್ಟೇಟ್ ವೈ92.411, ಊರೊಳಗಿನ ರಸ್ತೆ ವೈ92.414, ಪಾರ್ಕಿಂಗ್ ಲಾಟ್ ವೈ92.481, ಪೆಟ್ರೋಲ್ ಬಂಕ್ ವೈ92.524. ದುಡ್ಡಿಗಾಗಿ ಮಾಡೋ ಸಿವಿಲಿಯನ್ ಕೆಲಸದ ಮೇಲಿದ್ರೆ ವೈ99.0. ಪೊಲೀಸ್ ಯೂನಿಫಾರ್ಮ್ ಹಾಕಿದಾನೆ ಅಂತ ಮಿಲಿಟರಿ ಸ್ಟೇಟಸ್ ವೈ99.1 ಹಾಕೋರನ್ನ ನೋಡಿದೀನಿ, ಅದು ಸೈನಿಕರಿಗೆ. ಈ ವೈ99.0 ಸಣ್ಣದಲ್ಲ, ಯಾಕಂದ್ರೆ ಡ್ಯೂಟಿಯಲ್ಲಿ ಆದ ಗಾಯದ ಬಿಲ್ ಸಾಮಾನ್ಯವಾಗಿ ಆಫೀಸರ್‌ನ ಹೆಲ್ತ್ ಇನ್ಶೂರೆನ್ಸ್‌ಗಲ್ಲ, ವರ್ಕರ್ಸ್ ಕಾಂಪೆನ್ಸೇಷನ್‌ಗೆ (ಕೆಲಸದಲ್ಲಾದ ಗಾಯದ ವಿಮೆ) ಹೋಗತ್ತೆ, ಇಲ್ಲಿ ತಪ್ಪಿದ್ರೆ ಬಿಲ್ ಎರಡೂ ಕಡೆ ಅಲೀತಾ ಇರತ್ತೆ. ರಜೆಯಲ್ಲಿದ್ದು ದರೋಡೆ ತಡೆದವನ ಕೇಸಲ್ಲಿ ಸ್ಟೇಟಸ್ ಏನು ಅಂತ ಊಹೆ ಮಾಡ್ಬೇಡಿ, ಕ್ವೆರಿ ಹಾಕೋದಿದ್ರೆ ಅದರಲ್ಲೇ ಸೇರಿಸಿ ಕೇಳಿ.

ಚಾರ್ಟಲ್ಲಿ ಜಾಗ ಇಲ್ಲಾಂದ್ರೆ ವೈ92.9, ಸ್ಟೇಟಸ್ ಇಲ್ಲಾಂದ್ರೆ ವೈ99.9 ಅಂತ ತುಂಬಿಸೋದು ಬೇಡ, ಗೈಡ್‌ಲೈನೇ ಬೇಡ ಅನ್ನತ್ತೆ. ವೈ92, ವೈ99 ಎರಡೂ ಮೊದಲ ಟ್ರೀಟ್‌ಮೆಂಟ್‌ಗೆ ಒಂದೇ ಸಲ, ಫಾಲೋಅಪ್‌ಗೆ ಇಲ್ಲ. ಅಂದಹಾಗೆ ಎಕ್ಸ್‌ಟರ್ನಲ್ ಕಾಸ್ ಕೋಡ್‌ಗಳನ್ನ ಇಡೀ ಅಮೆರಿಕಾಗೆ ಕಡ್ಡಾಯ ಅಂತ ಮಾಡಿಲ್ಲ, ಸ್ಟೇಟ್‌ನವರೋ ಪೇಯರ್‌ನವರೋ (ಬಿಲ್ ಕಟ್ಟೋರು) ಕೇಳಿದ್ರೆ ಕಡ್ಡಾಯ. ಟ್ರಾಮಾ ಸೆಂಟರ್ ಕ್ಲೈಂಟ್‌ಗಳು ಕೇಳೇ ಕೇಳ್ತಾರೆ.

ಸ್ಟೆಪ್ 9: ಎ, ಡಿ, ಎಸ್

ಎ ಅಂದ್ರೆ ಮೊದಲ ಭೇಟಿ ಅಂತ ಅಲ್ಲ, ಆಕ್ಟಿವ್ ಟ್ರೀಟ್‌ಮೆಂಟ್. ಇಆರ್, ಆಪರೇಷನ್, ಬೇರೆ ಆಸ್ಪತ್ರೆಗೆ ಶಿಫ್ಟ್ ಆಗಿ ಅಲ್ಲಿ ಮತ್ತೊಂದು ಆಪರೇಷನ್, ಎಲ್ಲಾ ಎ. ವಾಸಿಯಾಗ್ತಿರೋವಾಗ ಡ್ರೆಸ್ಸಿಂಗ್‌ಗೆ, ಫಿಸಿಯೋಗೆ ಬಂದ್ರೆ ಡಿ, ಗಾಯಕ್ಕೆ ಆಫ್ಟರ್‌ಕೇರ್ ಝಡ್ ಕೋಡ್ ಹಾಕಂಗಿಲ್ಲ. ಒಂದು ವರ್ಷ ಬಿಟ್ಟು ಗಾಯದ ಕಲೆ ಎಳೀತಿದೆ ಅಂತ ಬಂದ್ರೆ ಮೊದಲು ಈಗಿನ ತೊಂದರೆ ಎಲ್90.5, ಆಮೇಲೆ ಎಸ್21.341ಎಸ್, ಆಮೇಲೆ ವೈ35.021ಎಸ್. ಗಾಯದ ಕೋಡು, ಕಾರಣದ ಕೋಡು ಎರಡರ ಬಾಲಾನೂ ಒಂದೇ ಇರ್ಬೇಕು, ಓಪನ್ ಫ್ರ್ಯಾಕ್ಚರ್‌ನ ಬಿ, ಸಿ ಕೂಡ ಆಕ್ಟಿವ್ ಟ್ರೀಟ್‌ಮೆಂಟೇ ಆದ್ರಿಂದ ಅವುಗಳ ಜೊತೆ ಕಾರಣಕ್ಕೆ ಎ.

ಸ್ಟೆಪ್ 10: ಪ್ರೊಸೀಜರ್, ಚುಟುಕಾಗಿ

ಡಾಕ್ಟರ್ ಬಿಲ್ಲಿಗೆ ಸಿಪಿಟಿ, ಅಂದ್ರೆ ಡಾಕ್ಟರ್ ಮಾಡಿದ ಕೆಲಸಗಳ ಕೋಡ್ ಸೆಟ್: ಗಾಯ ಅಗಲ ಮಾಡಿ ಒಳಗೆ ಹುಡುಕಿದ್ದಕ್ಕೆ 20100ರಿಂದ 20103, ಕುತ್ತಿಗೆ, ಎದೆ, ಹೊಟ್ಟೆ, ಕೈಕಾಲು ಇದೇ ಆರ್ಡರ್. ಎದೇನೇ ತೆರೆದು ಥೊರಾಕಾಟಮಿ ಮಾಡಿದ್ರೆ ಆ ಕೋಡ್ ಮಾತ್ರ, 20101 ಹಾಕೋ ಹಾಗಿಲ್ಲ. ಚೆಸ್ಟ್ ಟ್ಯೂಬ್ 32551. ಕ್ರಿಟಿಕಲ್ ಕೇರ್ 99291, 30 ನಿಮಿಷ ತುಂಬಿರ್ಬೇಕು, ಚೆಸ್ಟ್ ಟ್ಯೂಬ್ ಹಾಕಿದ ಟೈಮನ್ನ ಅದರಿಂದ ಕಳೀಬೇಕು. ಇನ್‌ಪೇಷಂಟ್ ಆಸ್ಪತ್ರೆ ಬಿಲ್ಲಿಗೆ ಪ್ರೊಸೀಜರ್‌ಗಳ ಬೇರೆ ಸೆಟ್ ಆದ ಪಿಸಿಎಸ್, ಬಲಗಡೆ ಚೆಸ್ಟ್ ಟ್ಯೂಬ್‌ಗೆ 0ಡಬ್ಲ್ಯೂ9930ಝಡ್.

ಮೊದಲು ಹೇಳಿದ ಚಾರ್ಟ್ ಈಗ ಮುಗಿಸೋಣ

ಹೈವೇ ಟ್ರಾಫಿಕ್ ಸ್ಟಾಪ್, ಆ ಹೈವೇ ಸ್ಟೇಟ್ ರೋಡು. ಡ್ರೈವರ್ ಪಿಸ್ತೂಲು. ಗುಂಡು ವೆಸ್ಟಿನ ತೋಳಿನ ಸಂದಿಯಿಂದ ಬಲ ಎದೆ ಮುಂಭಾಗಕ್ಕೆ ನುಗ್ಗಿದೆ, ಒಂದು ಪಕ್ಕೆಲುಬು ಮುರಿದಿದೆ, ಶ್ವಾಸಕೋಶ ಹರಿದಿದೆ, ರಕ್ತ ಗಾಳಿ ಎರಡೂ ತುಂಬಿದೆ, ಗುಂಡು ಒಳಗೇ ಇದೆ. ಶ್ವಾಸಕೋಶದ್ದೇ ಮುಖ್ಯ ಅಂತ ಸರ್ಜನ್ ಬರೆದಿದಾರೆ. ಹಾಗಾಗಿ ಎಸ್27.331ಎ ಮೊದಲು, ಆಮೇಲೆ ಎಸ್27.2ರದ್ದು, ಎಸ್21.341ಎ, ಎಸ್22.31ಎಕ್ಸ್‌ಬಿ, ಆಮೇಲೆ ವೈ35.021ಎ, ವೈ92.413, ವೈ99.0. ಹುಡುಗರು ಇಲ್ಲಿ ಕೇಳೋದು ಒಂದೇ, ವೆಸ್ಟ್ ಹಾಕಿದ್ನಲ್ಲ ಸರ್ ಅದಕ್ಕೆ ಕೋಡ್ ಬೇಡ್ವಾ ಅಂತ. ಬೇಡ, ಈ ಗುಂಡು ವೆಸ್ಟಿಗೆ ಬಿದ್ದೇ ಇಲ್ಲ.

ಇನ್ನೊಂದು ವಿಷಯ. ಆಫೀಸರ್‌ಗೆ ಗುಂಡು ಬಿದ್ರೆ ಅಲ್ಲಿ ಅದು ದೊಡ್ಡ ಸುದ್ದಿ. 2021ರಲ್ಲಿ ಹಲ್ಲೆಯಿಂದಲೇ ಸತ್ತ ಆಫೀಸರ್‌ಗಳು 73 ಅಂತ ಎಫ್‌ಬಿಐ ಲೆಕ್ಕ, ಒಬ್ಬೊಬ್ಬರದ್ದೂ ಟಿವಿಯಲ್ಲಿ ಬಂದಿರತ್ತೆ. ನಿಮ್ಮ ಕ್ಯೂಗೆ ಬರದೇ ಇರೋ ಅಂಥ ಚಾರ್ಟನ್ನ ಕುತೂಹಲಕ್ಕೆ ಹೆಸರು ಹಾಕಿ ಹುಡುಕ್ಬೇಡಿ. ಹಿಪಾ (ಪೇಷಂಟ್ ಮಾಹಿತಿ ಕಾಪಾಡೋ ಅಮೆರಿಕಾದ ಕಾನೂನು) ಪ್ರಕಾರ ಯಾರು ಯಾವ ಚಾರ್ಟ್ ಯಾವಾಗ ತೆರೆದ್ರು ಅನ್ನೋದೆಲ್ಲ ಲಾಗ್ ಆಗಿರತ್ತೆ, ಸುದ್ದಿಯಲ್ಲಿರೋ ಪೇಷಂಟ್‌ಗಳ ಲಾಗ್‌ನ ಆಸ್ಪತ್ರೆಯವರು ಹುಡುಕಿ ಹುಡುಕಿ ನೋಡ್ತಾರೆ. ನಮ್ಮ ಜೊತೆ ಕೆಲಸ ಮಾಡ್ತಿದ್ದ ಒಬ್ಬರು ನೈಟ್ ಶಿಫ್ಟಲ್ಲಿ ಬರೀ ಎರಡು ನಿಮಿಷ ತೆರೆದು ಮುಚ್ಚಿದ್ರು, ಸೋಮವಾರ ಅವರ ಐಡಿ ಕಾರ್ಡ್ ಗೇಟಲ್ಲಿ ಕೆಲಸ ಮಾಡ್ಲಿಲ್ಲ.